ಡಾಕ್ಟರ್ ಜೊತೆ ಮಾತು: ಹೊಟ್ಟೆಯೊಳಗೆ ರಕ್ತನಾಳ ಒಡೆದಾಗ

ಪ್ರಶ್ನೆ: ಪುಣೆಯಲ್ಲಿದ್ದ ದೊಡ್ಡಪ್ಪನಿಗೆ (72) ಒಂದು ಬೆಳಿಗ್ಗೆ ಇದ್ದಕ್ಕಿದ್ದಂತೆ ಸೊಂಟ, ಹೊಟ್ಟೆ ನೋವು ಬಂತು. ಹತ್ತಿರದ ನರ್ಸಿಂಗ್ ಹೋಮಿನಲ್ಲಿ ಕಿಡ್ನಿ ಕಲ್ಲು ಎಂದು ಇಂಜೆಕ್ಷನ್ ಕೊಟ್ಟು ಕಳಿಸಿದರು. ಸಂಜೆ ಬಚ್ಚಲಲ್ಲಿ ಕುಸಿದರು. ದೊಡ್ಡ ಆಸ್ಪತ್ರೆಯಲ್ಲಿ ಅಯೋರ್ಟಾ (ಹೃದಯದಿಂದ ಹೊರಡುವ ದೊಡ್ಡ ರಕ್ತನಾಳ) ಒಡೆದಿದೆ ಎಂದರು. ಬಿಪಿ 80ಕ್ಕೆ ಇಳಿದಿತ್ತು, ಮಾತಾಡುತ್ತಿದ್ದರು, ಆದರೂ ಸಲೈನ್ ಜೋರಾಗಿ ಬಿಡಲಿಲ್ಲ. ಆಪರೇಷನ್ ಆದರೂ ಉಳಿಯಲಿಲ್ಲ. ನಮ್ಮಪ್ಪ (67) ಅವರ ಒಡಹುಟ್ಟಿದ ತಮ್ಮ. ಮಾಟುಂಗದ ಹೋಟೆಲಿನಲ್ಲಿ ಗಲ್ಲಾ ನೋಡಿಕೊಂಡಿದ್ದವರು. ಬಿಪಿ ಮಾತ್ರೆ ಇದೆ, ಸಿಗರೇಟು ಬಿಟ್ಟು ನಾಲ್ಕು ವರ್ಷ. ಅವರಿಗೂ ಹೀಗಾಗಬಹುದೇ?
– ಓದುಗರು, ಡೊಂಬಿವಲಿ

ಉತ್ತರ: ಸಲೈನ್ ವಿಷಯದಲ್ಲಿ ಆ ಆಸ್ಪತ್ರೆಯವರನ್ನು ಬೈಯಬೇಡಿ. ಅವರು ಮಾಡಿದ್ದು ಸರಿ. ಅಯೋರ್ಟಾ ಬೆನ್ನುಮೂಳೆಗೆ ಅಂಟಿಕೊಂಡೇ ಇಳಿಯುತ್ತದೆ. ಅದರ ಗೋಡೆ ಬಲ ಕಳೆದುಕೊಂಡು ಬಲೂನಿನಂತೆ ಉಬ್ಬಿದರೆ ಒಂದು ದಿನ ಒಡೆಯಬಹುದು. ಅದು ಮುಂಭಾಗಕ್ಕೆ ಒಡೆದರೆ ರಕ್ತ ಹೊಟ್ಟೆಯೊಳಗೆ ಸುರಿದು ನಿಮಿಷಗಳಲ್ಲಿ ಎಲ್ಲ ಮುಗಿಯುತ್ತದೆ. ಬೆನ್ನಿನ ಕಡೆ ಒಡೆದರೆ ಸುತ್ತಲಿನ ಅಂಗಾಂಶ ಒತ್ತಿಹಿಡಿಯುತ್ತದೆ, ರಕ್ತ ಹೆಪ್ಪುಗಟ್ಟಿ ಸೋರಿಕೆ ಸ್ವಲ್ಪ ಹೊತ್ತು ತಡೆಯುತ್ತದೆ. ನಿಮ್ಮ ದೊಡ್ಡಪ್ಪನಿಗೆ ಬೆಳಗಿನಿಂದ ಸಂಜೆವರೆಗೆ ಸಮಯ ಸಿಕ್ಕಿದ್ದು ಬಹುಶಃ ಹೀಗೆಯೇ. ಆಗ ಸಲೈನ್ ಸುರಿದು ಬಿಪಿ ಏರಿಸಿದರೆ ಆ ಹೆಪ್ಪು ಕಿತ್ತುಹೋಗುತ್ತದೆ. ರೋಗಿ ಮಾತಾಡುತ್ತಿದ್ದರೆ ಮೇಲಿನ ಬಿಪಿಯನ್ನು 70–90ರಲ್ಲೇ ಬಿಟ್ಟು ಆಪರೇಷನ್ ಥಿಯೇಟರಿಗೆ ಓಡುತ್ತೇವೆ.

ಕಿಡ್ನಿ ಕಲ್ಲು ಎಂದುಕೊಳ್ಳುವುದು ಈ ಕಾಯಿಲೆಯಲ್ಲಿ ಎಲ್ಲ ದೇಶಗಳಲ್ಲೂ ಆಗುವ ತಪ್ಪು. ಆದರೆ 60 ದಾಟಿದ ಗಂಡಸಿಗೆ, ಅದೂ ಸಿಗರೇಟು ಸೇದಿದವರಿಗೆ, ಮೊದಲ ಬಾರಿ ಕಲ್ಲಿನ ನೋವು ಬಂತೆಂದರೆ ಸೋನೋಗ್ರಫಿ ಇಲ್ಲದೆ ಮನೆಗೆ ಕಳಿಸಬಾರದು. ನನ್ನ ಜೂನಿಯರುಗಳಿಗೆ ಇದನ್ನು ಹೇಳಿ ಹೇಳಿ ಬಾಯಿ ನೋಯುತ್ತದೆ.

ಒಡೆದ ಮೇಲೆ ಬದುಕುವವರು ಕಡಿಮೆ. ಸುಮಾರು ಹತ್ತರಲ್ಲಿ ಎಂಟು ಮಂದಿ ಸಾಯುತ್ತಾರೆ, ಅನೇಕರು ಆಸ್ಪತ್ರೆ ಮುಟ್ಟುವ ಮೊದಲೇ. ಥಿಯೇಟರ್ ತಲುಪಿದವರಲ್ಲೂ ಮೂರರಲ್ಲಿ ಒಬ್ಬರು, ಕೆಲವೆಡೆ ಅದಕ್ಕಿಂತ ಜಾಸ್ತಿ, ತಿಂಗಳೊಳಗೆ ತೀರಿಕೊಳ್ಳುತ್ತಾರೆ. ವಯಸ್ಸು, ದಾರಿಯಲ್ಲೇ ಪ್ರಜ್ಞೆ ತಪ್ಪುವುದು, ಕೆಟ್ಟ ಕಿಡ್ನಿ, ಇವೆಲ್ಲ ಲೆಕ್ಕ ಕೆಡಿಸುತ್ತವೆ. ಒಡೆಯುವ ಮುಂಚೆ ಸಿದ್ಧತೆ ಮಾಡಿಕೊಂಡು ಆಪರೇಷನ್ ಮಾಡಿದರೆ ಸಾವು ನೂರಕ್ಕೆ ಐದನ್ನು ಸಾಮಾನ್ಯವಾಗಿ ದಾಟುವುದಿಲ್ಲ. ತೊಡೆಸಂದಿನಿಂದ ಸ್ಟೆಂಟ್ ಏರಿಸಿದರೆ ಇನ್ನೂ ಕಡಿಮೆ. ಅದಕ್ಕೇ ನನಗೆ ಅಪ್ಪನ ಮೇಲೆ ಕಣ್ಣು.

ಅವರು ಗಂಡಸು, 65 ದಾಟಿದೆ, ಬಿಪಿ ಇದೆ, ಅಣ್ಣನಿಗೆ ಆಗಿದೆ. ಎಲ್ಲಕ್ಕಿಂತ ದೊಡ್ಡದು ಸಿಗರೇಟು. ಬಿಟ್ಟದ್ದು ತುಂಬಾ ಒಳ್ಳೆಯದು, ಆದರೆ ಹಳೆಯ ಸಾಲ ನಾಲ್ಕು ವರ್ಷಕ್ಕೆ ತೀರುವುದಿಲ್ಲ. (ವಿಚಿತ್ರ ನೋಡಿ, ಶುಗರ್ ಇದ್ದವರಲ್ಲಿ ಈ ಉಬ್ಬು ಕಡಿಮೆ. ಹಾಗಂತ ಅದನ್ನು ಬಯಸಬೇಡಿ ಮಾರಾಯರೇ!)

ಈ ವಾರವೇ ಹೊಟ್ಟೆಯ ಸೋನೋಗ್ರಫಿ ಮಾಡಿಸಿ. ಖಾಲಿ ಹೊಟ್ಟೆಯಲ್ಲಿ ಹೋಗಲಿ. ಚೀಟಿಯಲ್ಲಿ ‘ಅಯೋರ್ಟಾ ಅಳತೆ’ ಎಂದು ಬರೆಸಿಕೊಳ್ಳಿ. ಬರೆಸದಿದ್ದರೆ ರಿಪೋರ್ಟಿನಲ್ಲಿ ಲಿವರ್, ಕಿಡ್ನಿ ಬಂದು ಅಯೋರ್ಟಾ ಬಿಟ್ಟುಹೋಗುವುದುಂಟು. ಸಹಜ ಅಗಲ ಸುಮಾರು 2 ಸೆಂ.ಮೀ. 3ರಿಂದ ಉಬ್ಬು ಎನ್ನುತ್ತೇವೆ. ಗಂಡಸರಿಗೆ 5.5 ಮುಟ್ಟಿದರೆ ಆಪರೇಷನ್ ಮಾತು. ನಡುವೆ ಇದ್ದರೆ ಅಳೆಯುತ್ತಾ ಕಾಯುತ್ತೇವೆ. ಬ್ರಿಟನ್ನಿನಲ್ಲಿ ಎಲ್ಲ ಗಂಡಸರಿಗೂ 65ಕ್ಕೆ ಈ ಪರೀಕ್ಷೆ ಪುಕ್ಕಟೆ. ನಮ್ಮಲ್ಲಿ ನಾವೇ ಕೇಳಿ ಮಾಡಿಸಿಕೊಳ್ಳಬೇಕು.

ಉಬ್ಬು ಇದೆ ಎಂದಾದರೆ, ರಕ್ತನಾಳದ ಸರ್ಜನ್ ರಾತ್ರಿಯೂ ಸಿಗುವ ಆಸ್ಪತ್ರೆ ಯಾವುದೆಂದು ಈಗಲೇ ವಿಚಾರಿಸಿಡಿ. ಸಂಜೆ ಟ್ರಾಫಿಕ್‌ನಲ್ಲಿ ಡೊಂಬಿವಲಿಯಿಂದ ಸಾಯನ್ ದಾರಿ ಹೇಗಿರುತ್ತದೆ ನಿಮಗೇ ಗೊತ್ತು, ಆಗ ಮೂರು ಕಡೆ ಅಲೆಯಲು ಆಗುವುದಿಲ್ಲ. ಪುಣೆಯಲ್ಲಿರುವ ದೊಡ್ಡಪ್ಪನ ಮಕ್ಕಳಿಗೂ ಫೋನ್ ಮಾಡಿ. 50 ದಾಟಿದ್ದರೆ ಅವರೂ ಮಾಡಿಸಲಿ, ಹೆಣ್ಣುಮಕ್ಕಳೂ ಸೇರಿ. ಹೆಂಗಸರಲ್ಲಿ ಇದು ಅಪರೂಪ, ಆದರೆ ಬಂದರೆ ಚಿಕ್ಕ ಅಳತೆಯಲ್ಲೇ ಒಡೆಯುತ್ತದೆ.