ಜರ್ಮನ್ ಸರಿಯಾಗಿ ಬರದಿದ್ದರೂ ಹೊಲೊಕಾಸ್ಟ್‌ನಲ್ಲಿ ಬದುಕುಳಿದವರ ಮಾತು ಕೇಳಲು ಹೋಗಬೇಕಾ, ಯೂಟ್ಯೂಬ್ ಸಾಕಾ?

ನಿಮ್ಮ ಪ್ರಶ್ನೆ ಓದಿ ಕರುಳು ಚುರುಕ್ ಅಂದಿತು. "ಭಾಷೆ ಸ್ವಲ್ಪ ಸುಧಾರಿಸಲಿ, ಆಮೇಲೆ ಹೋದರಾಯ್ತು." ಇದೇ ಮಾತನ್ನು 2024ರಲ್ಲಿ ಬರ್ಲಿನ್‌ನಲ್ಲಿ ಕೂತು ನಾನೂ ಹೇಳಿದ್ದೆ.

ಅವತ್ತು ಮಾತಾಡಬೇಕಿದ್ದವರು ಮಾರ್ಗೊಟ್ ಫ್ರೀಡ್‌ಲೆಂಡರ್. ಹೊಲೊಕಾಸ್ಟ್‌ನಲ್ಲಿ, ಅಂದರೆ ಹಿಟ್ಲರನ ನಾಜಿಗಳು ಯಹೂದಿಗಳನ್ನು ಸಾಮೂಹಿಕವಾಗಿ ಕೊಂದಾಗ, ಬದುಕುಳಿದ ಯಹೂದಿ ಮಹಿಳೆ. 1921ರಲ್ಲಿ ಬರ್ಲಿನ್‌ನಲ್ಲೇ ಹುಟ್ಟಿದವರು. 1943ರ ಜನವರಿಯಲ್ಲಿ ಗೆಸ್ಟಾಪೊ, ಅಂದರೆ ನಾಜಿಗಳ ಗುಪ್ತ ಪೊಲೀಸ್, ಅವರ ತಮ್ಮನನ್ನು ಹಿಡಿದುಕೊಂಡು ಹೋಯಿತು. ಮಗನನ್ನು ಒಬ್ಬನೇ ಬಿಡಲಾರದೆ ತಾಯಿ ತಾವಾಗಿಯೇ ಹೋಗಿ ಶರಣಾದರು. ಮಗಳಿಗೆ ಸಿಕ್ಕಿದ್ದು ತಾಯಿಯ ಕೈಚೀಲ. ಒಳಗೆ ಒಂದು ಅಂಬರ್ ಸರ, ಒಂದು ವಿಳಾಸದ ಪುಸ್ತಕ. ಜೊತೆಗೆ ಬೇರೆಯವರ ಬಾಯಲ್ಲಿ ಬಂದ ತಾಯಿಯ ಮಾತು: ನಿನ್ನ ಬದುಕು ಕಟ್ಟಿಕೊಳ್ಳಲು ನೋಡು. ತಾಯಿ, ತಮ್ಮ ಇಬ್ಬರನ್ನೂ ಔಷ್ವಿಟ್ಜ್ ಎಂಬ ನಾಜಿಗಳ ಸಾವಿನ ಶಿಬಿರದಲ್ಲಿ ಕೊಂದರು. ಈಕೆ ಕೂದಲಿಗೆ ಕೆಂಪು ಬಣ್ಣ ಹಾಕಿಕೊಂಡು 15 ತಿಂಗಳು ಅಡಗಿದ್ದರು. 1944ರಲ್ಲಿ ಸಿಕ್ಕಿಬಿದ್ದು ಥೆರೇಸಿಯನ್‌ಸ್ಟಾಟ್ ಎಂಬ ನಾಜಿ ಶಿಬಿರ ಸೇರಿದರು. ಅಲ್ಲಿಂದ ಹೇಗೋ ಬದುಕಿ ಬಂದರು. ನ್ಯೂಯಾರ್ಕ್‌ನಲ್ಲಿ 60 ವರ್ಷಕ್ಕೂ ಜಾಸ್ತಿ ಇದ್ದು, 2010ರಲ್ಲಿ, 88ನೇ ವಯಸ್ಸಿನಲ್ಲಿ, ಗಂಟುಮೂಟೆ ಕಟ್ಟಿ ಬರ್ಲಿನ್‌ಗೇ ವಾಪಸ್! ನಮ್ಮ ಮನೆಗಳಲ್ಲಿ ಆ ವಯಸ್ಸಿನವರನ್ನು ಪಕ್ಕದ ಬೀದಿಗೂ ಒಬ್ಬರೇ ಕಳಿಸುವುದಿಲ್ಲ. ಅಲ್ಲಿಂದ ಮುಂದೆ ಶಾಲೆಯಿಂದ ಶಾಲೆಗೆ ಹೋಗಿ ಮಕ್ಕಳಿಗೆ ತಮ್ಮ ಕತೆ ಓದಿ ಹೇಳುವುದೇ ಅವರ ಕೆಲಸವಾಯಿತು.

ಈಗ ನನ್ನ ತಪ್ಪು. ಗೆಳತಿ ನನಗೂ ಸೀಟು ಹಿಡಿದಿದ್ದಳು. ನನ್ನ ಜರ್ಮನ್ ಆಗ ಎ2, ಅಂದರೆ ಇನ್ನೂ ಆರಂಭದ ಮಟ್ಟ. ಎಲ್ಲರೂ ಕಣ್ಣೊರೆಸಿಕೊಳ್ಳುವಾಗ ನಾನೊಬ್ಬ ಅರ್ಥವಾಗದೆ ಬೆಪ್ಪನ ಹಾಗೆ ಕೂರಬೇಕಲ್ಲ ಅನ್ನಿಸಿತು. ಅದರ ಮುಂದಿನ ಹಂತ ಬಿ1 ಮುಗಿಯಲಿ ಅಂದೆ. ನನ್ನ ಕೋರ್ಸಿಗೆ ಎಷ್ಟು ತಿಂಗಳು ಬೇಕು ಅಂತ ಲೆಕ್ಕ ಹಾಕಿದೆ. ಅವರಿಗೆ 102 ವರ್ಷ ಅನ್ನುವುದು ಲೆಕ್ಕಕ್ಕೇ ಬರಲಿಲ್ಲ. ಟಿವಿಯಲ್ಲಿ, ಪೇಪರಿನಲ್ಲಿ ಆಗಾಗ ಕಾಣುತ್ತಿದ್ದರು. ಆ ವರ್ಷ ಜರ್ಮನ್ ವೋಗ್ ಪತ್ರಿಕೆಯ ಮುಖಪುಟಕ್ಕೂ ಬಂದರು. ಇವರು ಇದ್ದೇ ಇರುತ್ತಾರೆ ಅಂತ ತಲೆಯಲ್ಲಿ ಕೂತುಬಿಟ್ಟಿತ್ತು. 2025ರ ಮೇ 9ರಂದು ತೀರಿಕೊಂಡರು. ನನ್ನ ಬಿ1 ಸರ್ಟಿಫಿಕೇಟ್ ಬಂದಿದ್ದು ಜೂನ್‌ನಲ್ಲಿ.

ಆಮೇಲೆ ವಿಡಿಯೊ ಹಾಕಿಕೊಂಡು ನೋಡಿದೆ. ನಿಧಾನವಾದ, ಬಿಡಿಬಿಡಿಯಾದ ಮಾತು. ಎ2ನಲ್ಲೇ ಮುಕ್ಕಾಲು ಪಾಲು ತಿಳಿಯುತ್ತಿತ್ತು! ಇನ್ನೊಂದು ಹೇಳಲೇಬೇಕು. ತಮ್ಮನ ವಿಷಯ ಬಂದಾಗ ವಿಡಿಯೊ ನಿಲ್ಲಿಸಿ ಟೀ ಮಾಡಿಕೊಳ್ಳಲು ಎದ್ದು ಹೋದೆ. ಅವರ ಎದುರಿಗೆ ಕೂತಿದ್ದರೆ ಹಾಗೆ ಎದ್ದು ಹೋಗುತ್ತಿದ್ದೆನಾ?

ಆದ್ದರಿಂದ ಜರ್ಮನ್ ಬರುತ್ತದಾ ಇಲ್ಲವಾ ಅನ್ನುವ ಪ್ರಶ್ನೆಯೇ ತಪ್ಪು. ಈಗ ಉಳಿದಿರುವವರಲ್ಲಿ ಹೆಚ್ಚಿನವರು ಆಗ ಮಕ್ಕಳಾಗಿದ್ದವರು. ತೀರಾ ಚಿಕ್ಕವರಿಗೂ 80 ಆಗಿದೆ. ಕಾರ್ಯಕ್ರಮದ ಹಿಂದಿನ ದಿನ ಮಾತಾಡುವವರ ಬದುಕಿನ ಬಗ್ಗೆ ಇಂಗ್ಲಿಷ್‌ನಲ್ಲಿ ಓದಿಕೊಳ್ಳಿ, ಊರುಗಳ ಹೆಸರು ನೆನಪಿಟ್ಟುಕೊಳ್ಳಿ, ಸಾಕು. "ನೀವು ಕ್ಷಮಿಸಿದ್ದೀರಾ" ಅಂತ ಮಾತ್ರ ಕೇಳಬೇಡಿ. ಅದು ನಮ್ಮ ಸಮಾಧಾನಕ್ಕೆ ಕೇಳುವ ಪ್ರಶ್ನೆ.

ಕಾರ್ಯಕ್ರಮ ಗುರುವಾರ ಅಂದಿದ್ದೀರಿ, ಅಲ್ವಾ? ಅರ್ಧ ಗಂಟೆ ಮೊದಲೇ ಹೋಗಿ ಮುಂದಿನ ಸಾಲಲ್ಲಿ ಕೂತುಕೊಳ್ಳಿ. ವಯಸ್ಸಾದವರ ದನಿ ಹಿಂದಿನವರೆಗೆ ಬರುವುದಿಲ್ಲ.