ಎಲ್ಲರೂ ಮನೆಯಿಂದ ಕೆಲಸ ಮಾಡುವ ಟೀಮ್‌ನಲ್ಲಿ ಒಡನಾಟ ಬೆಳೆಸುವುದು ಹೇಗೆ?

ಎಂಟು ಜನರ ಟೀಮ್, ಒಬ್ಬೊಬ್ಬರು ಒಂದೊಂದು ಊರಲ್ಲಿ, ಶುಕ್ರವಾರ ಆನ್‌ಲೈನ್ ಗೇಮ್ ಆಡಿಸಿದರೂ ಯಾರೂ ಬಾಯಿ ಬಿಡುತ್ತಿಲ್ಲ ಅಂತ ಬರೆದಿದ್ದೀರಿ. ಮೊದಲು ಆ ಗೇಮ್ ನಿಲ್ಲಿಸಿ. ಪರಿಚಯವೇ ಇಲ್ಲದವರನ್ನು ಕೂರಿಸಿ ನಗಿ ಅಂದರೆ ಯಾರು ನಗುತ್ತಾರೆ?

ನಾನು ಮೈಸೂರಿನಲ್ಲಿ ಮನೆಯಿಂದಲೇ ಒಂದು ಸಾಫ್ಟ್‌ವೇರ್ ಟೀಮ್ ನೋಡಿಕೊಳ್ಳುತ್ತೇನೆ. ಉಳಿದವರು ಹುಬ್ಬಳ್ಳಿ, ಪುಣೆ, ಕೊಚ್ಚಿ, ಕ್ಯಾಲಿಫೋರ್ನಿಯಾದಲ್ಲಿದ್ದಾರೆ. ನಮ್ಮವರನ್ನು ಹತ್ತಿರ ತಂದದ್ದು ಕೆಲಸವೇ. ವಾರಕ್ಕೊಂದು ಬಗ್ (ಸಾಫ್ಟ್‌ವೇರ್‌ನಲ್ಲಿನ ದೋಷ) ಆರಿಸಿ ಇಬ್ಬರಿಗೆ ಕೊಡುತ್ತೇನೆ. ಸ್ಕ್ರೀನ್ ಶೇರ್ ಮಾಡಿಕೊಂಡು ಒಟ್ಟಿಗೇ ಹುಡುಕಬೇಕು. ಬಿಲ್ಡ್ (ಕೋಡ್‌ನಿಂದ ಸಾಫ್ಟ್‌ವೇರ್ ತಯಾರಾಗುವುದು) ಮುಗಿಯುವವರೆಗೆ ಕಾಯಬೇಕಲ್ಲ, ಆಗ ಮಗಳ ಸ್ಕೂಲ್ ಫೀಸು, ಕರೆಂಟ್ ಹೋದದ್ದು, ಮನೆ ಓನರ್ ಕಾಟ ಎಲ್ಲ ತಾನಾಗೇ ಬರುತ್ತದೆ.

ಜೋಡಿ ಮಾತ್ರ ಬದಲಾಗುತ್ತಾ ಇರಬೇಕು. ಮೈಕ್ರೋಸಾಫ್ಟ್‌ನ ಅಮೆರಿಕದ 61,000ಕ್ಕೂ ಹೆಚ್ಚು ನೌಕರರ ಬಗ್ಗೆ 2021ರಲ್ಲಿ ಒಂದು ಅಧ್ಯಯನ ಬಂತು. 2020ರಲ್ಲಿ ಎಲ್ಲರೂ ಮನೆ ಸೇರಿದ ಮೇಲೆ ಜನ ತಮ್ಮ ತಮ್ಮ ಗುಂಪಿಗೇ ಅಂಟಿಕೊಂಡರು, ಬೇರೆ ಗುಂಪಿನವರ ಜೊತೆ ಒಡನಾಟ ಕಡಿಮೆಯಾಯಿತು ಅನ್ನುತ್ತದೆ ಅದು. ಅಷ್ಟು ದೊಡ್ಡ ಕಂಪನಿಯ ಮಾತು ಬಿಡಿ, ಸುಮ್ನೆ ಬಿಟ್ಟರೆ ಎಂಟು ಜನರಲ್ಲೂ ಮೂರು ಗುಂಪಾಗುತ್ತದೆ.

ಅದರಲ್ಲೂ ನಮ್ಮವರ ಒಂದು ಅಭ್ಯಾಸ ಇದೆ. ಕನ್ನಡದವರಿಬ್ಬರು ಫೋನ್‌ನಲ್ಲಿ ಹತ್ತು ನಿಮಿಷ ಮಾತಾಡಿ ತೀರ್ಮಾನವನ್ನೇ ಮಾಡಿಬಿಡುತ್ತೇವೆ. ಪುಣೆಯವರಿಗೆ ಗೊತ್ತಾಗುವುದು ಕೋಡ್ ಬದಲಾದ ಮೇಲೆ. ಬೇಜಾರಾಗುತ್ತೆ, ಅಲ್ವಾ? ಫೋನ್ ಮಾಡುವುದರಲ್ಲಿ ತಪ್ಪೇನಿಲ್ಲ. ಆದರೆ ಇಟ್ಟ ಕೂಡಲೇ ಟೀಮ್ ಚಾನೆಲ್‌ನಲ್ಲಿ ಮೂರು ಸಾಲು ಬರೆಯಬೇಕು: ಏನು ಮಾಡುತ್ತಿದ್ದೇವೆ, ಯಾಕೆ, ಆಕ್ಷೇಪ ಇದ್ದರೆ ಯಾವತ್ತಿನೊಳಗೆ ಹೇಳಬೇಕು. ಗಿಟ್‌ಲ್ಯಾಬ್ ಅನ್ನುವ ಸಾಫ್ಟ್‌ವೇರ್ ಕಂಪನಿಯವರು ತಾವು ಕೆಲಸ ಮಾಡುವ ರೀತಿಯನ್ನು ಬಹುಪಾಲು ಹ್ಯಾಂಡ್‌ಬುಕ್ ಮಾಡಿ, ಯಾರು ಬೇಕಾದರೂ ಓದುವಂತೆ ಇಂಟರ್ನೆಟ್‌ನಲ್ಲೇ ಇಟ್ಟಿದ್ದಾರೆ. ಎಂಟು ಜನಕ್ಕೆ ಅಷ್ಟೆಲ್ಲ ಬೇಡ, ಮೂರು ಸಾಲು ಸಾಕು. ನೀವೇ ಶುರು ಮಾಡಿ, ಲೀಡ್ ಬರೆಯದಿದ್ದರೆ ಬೇರೆ ಯಾರೂ ಬರೆಯುವುದಿಲ್ಲ.

ಕ್ಯಾಮೆರಾ ಆನ್ ಇರಲೇಬೇಕು ಅಂತ ಹಠ ಹಿಡಿಯಬೇಡಿ. ಎಷ್ಟೋ ಜನ ಕೆಲಸ ಮಾಡುವುದು ಹಾಲ್‌ನಲ್ಲಿ, ಹಿಂದೆ ಅತ್ತೆ ಸೀರಿಯಲ್ ನೋಡುತ್ತಿರುತ್ತಾರೆ.

ವಿದೇಶದಲ್ಲೂ ಯಾರಾದರೂ ಇದ್ದರೆ, ಬರೀ 'ಹಾಯ್' ಅಂತ ಕಳಿಸಿ ಕಾಯುವ ಅಭ್ಯಾಸ ಬಿಡಿಸಿ. ಕ್ಯಾಲಿಫೋರ್ನಿಯಾ ಚಳಿಗಾಲದಲ್ಲಿ ನಮಗಿಂತ 13½ ಗಂಟೆ ಹಿಂದೆ, ಮಾರ್ಚ್‌ನಿಂದ ನವೆಂಬರ್‌ವರೆಗೆ 12½. ಅಲ್ಲಿಂದ 'ಹಾಯ್, ಹೇಳಿ' ಅಂತ ಬರುವಷ್ಟರಲ್ಲಿ ನೀವು ಮಲಗಿರುತ್ತೀರಿ. ಕೇಳಬೇಕಾದ್ದನ್ನೆಲ್ಲ ಮೊದಲ ಮೆಸೇಜ್‌ನಲ್ಲೇ ಕೇಳಿ. ಮೀಟಿಂಗ್ ಸಮಯವನ್ನೂ ಹಂಚಿಕೊಳ್ಳಿ. ಒಂದು ತಿಂಗಳು ನಮಗೆ ರಾತ್ರಿ, ಮುಂದಿನ ತಿಂಗಳು ಅವರಿಗೆ. ಇದಕ್ಕೆ ಮ್ಯಾನೇಜರ್ ಒಪ್ಪದಿದ್ದರೆ, ಒಂದು ತಿಂಗಳ ಮಟ್ಟಿಗೆ ಮಾಡಿ ನೋಡೋಣ ಅಂತ ಕೇಳಿ.