ಬೆಳಕು ಎಲ್ಲಿಂದ ಬಂತು?

ಮಾನ್ಯರೇ,

ದಾವಣಗೆರೆಯ ಮಂಡಕ್ಕಿ ಭಟ್ಟಿಗಳನ್ನು ಮೊದಲು ಇದ್ದಿಲಿನಲ್ಲಿ ಚಿತ್ರಿಸಿ, ಆಮೇಲೆ ಅವುಗಳ ಮೇಲೆಯೇ 40 ನಿಮಿಷಗಳ ಸಾಕ್ಷ್ಯಚಿತ್ರ ಮಾಡಿದ ನಿಮ್ಮ ಬಡಾವಣೆಯ ಕಲಾವಿದೆಯನ್ನು ಕುರಿತ ಲೇಖನ ತಲುಪಿತು. ಎರಡು ಸಲ ಓದಿದೆ. ಈಗಿರುವ ರೂಪದಲ್ಲಿ ಅದನ್ನು ಪ್ರಕಟಿಸಲಾರೆವು. ಆದರೆ ಕೈಬಿಡುವ ಬರಹವೂ ಅದಲ್ಲ.

ಮೊದಲ ಪುಟದಲ್ಲೇ ಕಲಾವಿದೆ ಮೂರು ಸಲ ‘ಅಪ್ರತಿಮ’ರಾಗಿದ್ದಾರೆ. ಅವರು ಭಟ್ಟಿಯ ಎದುರು ನಿಂತು ಬರೆದರೋ, ಮನೆಗೆ ಬಂದು ನೆನಪಿನಿಂದ ಬರೆದರೋ ಎಂಬುದು ಮಾತ್ರ ಎಲ್ಲಿಯೂ ಇಲ್ಲ. ಉಪ್ಪುನೀರು ಕುಡಿದ ಅಕ್ಕಿ ಕಾದ ಮರಳಿಗೆ ಬಿದ್ದು ಅರಳುವುದು ಕೆಲವೇ ಕ್ಷಣಗಳ ಕೆಲಸ; ಅಷ್ಟರಲ್ಲಿ ಅವರ ಕೈ ಯಾವ ಗೆರೆಯನ್ನು ಹಿಡಿಯಿತು, ಯಾವುದನ್ನು ಬಿಟ್ಟಿತು? ಇದ್ದಿಲಿನ ಗೆರೆಯನ್ನು ಬೆರಳಿನಿಂದ ಒರೆಸಿದರೆ ಹೊಗೆಯಾಗುತ್ತದೆ, ಬೇಡವಾದದ್ದು ಅದರಲ್ಲಿ ಮರೆಯಾಗುತ್ತದೆ. ಕ್ಯಾಮೆರಾ ಹಾಗಲ್ಲ, ಗೋಡೆಯ ಮೇಲಿನ ಹಳೆಯ ಕ್ಯಾಲೆಂಡರನ್ನೂ ಬಿಡದೆ ಹಿಡಿಯುತ್ತದೆ. ಬಿಡುವುದರಲ್ಲಿ ಪಳಗಿದ ಕೈ ಕ್ಯಾಮೆರಾ ಹಿಡಿದದ್ದೇಕೆ? ತಮ್ಮ ಚಿತ್ರಗಳಲ್ಲಿ ಜರಡಿಯ ಸದ್ದು ಕೇಳಿಸುತ್ತಿರಲಿಲ್ಲವೆಂದು ಅವರು ಹೇಳಿದ್ದನ್ನು ನೀವು ಏಳನೆಯ ಪುಟದ ಮೂಲೆಯಲ್ಲಿ ಹಾಕಿ ಮುಂದೆ ಹೋಗಿದ್ದೀರಿ. ಲೇಖನ ಶುರುವಾಗಬೇಕಾದದ್ದು ಅಲ್ಲಿಂದ.

ಇನ್ನು, ಬೆಳಗಿನ ಜಾವ ಕಿಟಕಿಯಿಲ್ಲದ ಕೋಣೆಯಲ್ಲಿ ತಾಯಿ ಮಗುವನ್ನು ಮಲಗಿಸಿ ಭಟ್ಟಿಗೆ ಹೊರಡುವ ದೃಶ್ಯ. ‘ಬದುಕೇ ಕಣ್ಣೆದುರು ಬಿಚ್ಚಿಕೊಂಡಂತೆ’ ಎಂದು ಬರೆದಿದ್ದೀರಿ. ಕಿಟಕಿಯಿಲ್ಲದ ಕೋಣೆಗೆ ಬೆಳಕು ಎಲ್ಲಿಂದ ಬಂತು? 1922ರಲ್ಲಿ ತೆರೆಕಂಡ ‘ನಾನೂಕ್ ಆಫ್ ದ ನಾರ್ತ್’ ಎಂಬ, ಹಿಮಸೀಮೆಯ ಇನ್ಯುಯಿಟ್ ಕುಟುಂಬವೊಂದನ್ನು ಕುರಿತ ಸಾಕ್ಷ್ಯಚಿತ್ರಕ್ಕಾಗಿ ನಿರ್ದೇಶಕ ರಾಬರ್ಟ್ ಫ್ಲಾಹರ್ಟಿ ಹಿಮದ ಮನೆಯ ಒಳಗನ್ನು ಚಿತ್ರೀಕರಿಸಲು ಹೊರಟಾಗ ಬೆಳಕು ಸಾಲದೆ, ಒಂದು ಪಾರ್ಶ್ವವನ್ನೇ ತೆರೆದಿಟ್ಟ ಮನೆಯನ್ನು ಬಳಸಬೇಕಾಯಿತು. ಬೆಚ್ಚಗೆ ಮಲಗಿದಂತೆ ಕಾಣುವ ಆ ಕುಟುಂಬ ನಿಜಕ್ಕೂ ಬಯಲ ಚಳಿಯಲ್ಲಿತ್ತು. ಇದನ್ನು ತಿಳಿದವರು ಆ ದೃಶ್ಯವನ್ನು ಬೇರೆ ಬಗೆಯಲ್ಲಿ ನೋಡುತ್ತಾರೆ. ನಿಮ್ಮ ಕಲಾವಿದೆ ದೀಪ ಒಯ್ದಿದ್ದರೇ, ಆ ತಾಯಿ ಕ್ಯಾಮೆರಾಕ್ಕಾಗಿ ಮಗುವನ್ನು ಎರಡನೆಯ ಸಲ ಮಲಗಿಸಿದರೇ, ಆ ದಿನದ ಕೂಲಿ ಏನಾಯಿತು ಎಂದು ಕೇಳಿ ಬನ್ನಿ. ಕೇಳುವುದರಲ್ಲಿ ಆಕ್ಷೇಪಣೆಯೇನೂ ಇಲ್ಲ, ಸಾಕ್ಷ್ಯಚಿತ್ರದ ಕಸುಬೇ ಇಂಥ ತೀರ್ಮಾನಗಳಲ್ಲಿದೆ.

‘ಕವಿತೆಯಂಥ ಹೊಗೆ’ಯನ್ನು ದಯವಿಟ್ಟು ತೆಗೆಯಿರಿ. ಅದು ಭತ್ತದ ಹೊಟ್ಟಿನ ಹೊಗೆಯೋ, ಹಳೆಯ ಟೈರಿನದೋ? ಭಟ್ಟಿಯ ಅಕ್ಕಪಕ್ಕದವರಿಗೆ ಎರಡರ ವಾಸನೆಯೂ ಗೊತ್ತು.

ಪ್ಯಾರಿಸ್ಸಿನ ಕಲಾವಿದರ ಹೋಲಿಕೆಯೂ ಬೇಡ. ಹಿರಿಯೂರು ತಾಲ್ಲೂಕಿನ ಹರ್ತಿಕೋಟೆಯ ಪಿ.ಆರ್. ತಿಪ್ಪೇಸ್ವಾಮಿ ನಿಸರ್ಗಚಿತ್ರಗಳನ್ನು ಬರೆಯುತ್ತಲೇ ಮೈಸೂರು ವಿಶ್ವವಿದ್ಯಾನಿಲಯದ ಜಾನಪದ ವಸ್ತುಸಂಗ್ರಹಾಲಯವನ್ನು ಕಟ್ಟಲು ದುಡಿದವರು. ಚಿತ್ರ ಬರೆಯುವುದನ್ನೂ ದಾಖಲಿಸುವುದನ್ನೂ ಒಟ್ಟಿಗೆ ಮಾಡಿದವರ ಮಾತು ಬಂದರೆ ಅವರು ಹತ್ತಿರವೇ ಇದ್ದಾರೆ.

ಭಟ್ಟಿಯವರೇ ಕೂತು ಚಿತ್ರ ನೋಡಿದ ಸಂಜೆಯನ್ನು ಎರಡು ಸಾಲಿನಲ್ಲಿ ಮುಗಿಸಿದ್ದೀರಿ. ಯಾರು ನಕ್ಕರು, ಯಾರು ಎದ್ದು ಹೋದರು ಎಂಬುದು ನನಗೆ ಬೇಕು. ಒಟ್ಟು ಸಾವಿರ ಪದ ಮೀರದಂತೆ ತಿದ್ದಿ, ಬರುವ ತಿಂಗಳ 10ರೊಳಗೆ ಕಳುಹಿಸಿ. ಚಿತ್ರಗಳ ಜೊತೆ ಕಲಾವಿದೆಯ ಒಪ್ಪಿಗೆಪತ್ರವೂ ಇರಲಿ.

ಇತಿ,
ಸಂಪಾದಕ